‘ಎಲಿಫೆಂಟ್ ಬಾಯ್’ ಚಿತ್ರದ ಪೀಟರ್‌ಸನ್ ಸಾಹೇಬ: ವಾಲ್ಟರ್ ಹಡ್ ಬಗ್ಗೆ ಮಾತಾಡೋಣವೇ?

ಹಳೇರೀಲು

ಸಾಬು ಬಗ್ಗೆ ಇಲ್ಲಿ ಬೇಕಾದಷ್ಟು ಮಾತಾಗಿದೆ. ಕಾರಾಪುರದ ಮಾವುತನ ಮಗ, ಮೈಸೂರು ಅರಮನೆಯ ಆನೆ ಲಾಯ, ಅಲ್ಲಿಂದ ಲಂಡನ್, ಆಮೇಲೆ ಹಾಲಿವುಡ್. ಅದನ್ನೆಲ್ಲ ಮತ್ತೆ ಕೆದಕುವ ಉದ್ದೇಶ ನನಗಿಲ್ಲ. ಅದೇ 1937ರ ಚಿತ್ರದಲ್ಲಿ ಬಿಸಿಲುಟೋಪಿ ಹಾಕಿಕೊಂಡು, ತಣ್ಣಗೆ ಮಾತಾಡುತ್ತಾ, ಆನೆ ಹಿಡಿಯುವ ತಂಡವನ್ನು ನಡೆಸುವ ಪೀಟರ್‌ಸನ್ ಸಾಹೇಬ ಇದ್ದಾನಲ್ಲ, ಈ ಎಳೆ ಅವನಿಗೆ ಮೀಸಲು.

ನಟನ ಹೆಸರು ವಾಲ್ಟರ್ ಹಡ್. ಹುಟ್ಟಿದ್ದು 1897ರಲ್ಲಿ, ಲಂಡನ್ನಿನಲ್ಲಿ. ತೀರಿಕೊಂಡದ್ದು 1963ರ ಜನವರಿಯಲ್ಲಿ. ಇಂಗ್ಲೆಂಡಿನವರನ್ನು ಕೇಳಿದರೂ ಹತ್ತರಲ್ಲಿ ಒಂಬತ್ತು ಜನ ಯಾರದು ಅಂತಾರೆ. ಆದರೆ ಎರಡು ಮಹಾಯುದ್ಧಗಳ ನಡುವಿನ ಬ್ರಿಟಿಷ್ ರಂಗಭೂಮಿಯಲ್ಲಿ ಈತ ಬರ್ನಾರ್ಡ್ ಶಾನ ನಾಟಕದ ಒಂದು ಮುಖ್ಯ ಪಾತ್ರ ಕಟ್ಟಿದವನು, ಲಾರೆನ್ಸ್ ಆಫ್ ಅರೇಬಿಯಾ ಪಾತ್ರಕ್ಕೆ ಹೆಸರು ಕೇಳಿಬಂದವನು. ಅಂಥವನು ಸಿನಿಮಾದಲ್ಲಿ ಜಡ್ಜು, ಬಟ್ಲರ್, ಅಡ್ಮಿರಲ್ ಆಗಿ ಎರಡೆರಡು ನಿಮಿಷ ಬಂದು ಹೋಗುವಂತಾದದ್ದು ಯಾಕೆ? ನನ್ನ ಅಭಿಪ್ರಾಯ ಒಂದಿದೆ, ಆಮೇಲೆ ಹೇಳ್ತೀನಿ. ಮೊದಲು ಗೊತ್ತಿದ್ದವರು ಬರೆಯಿರಿ.

ಸುಮ್ನೆಬಂದೆ

ಆ ಸಿನಿಮಾದಲ್ಲಿ ಒಬ್ಬ ಬಿಳಿ ಮನುಷ್ಯ ಇದ್ದ ಅನ್ನೋದೇ ನೆನಪಿಲ್ಲ ಗುರುವೇ. ನಾನು ಪೂರ್ತಿ ಆನೆ ನೋಡ್ತಾ ಕೂತಿದ್ದೆ.

ಹಳೇರೀಲು

@ಸುಮ್ನೆಬಂದೆ ಅದೇ ಅವನ ಪಾಡು! ಆನೆ ಮತ್ತು ಮಗು ಇರುವ ಫ್ರೇಮಿನಲ್ಲಿ ದೊಡ್ಡವರು ಯಾರಿದ್ದರೂ ಕಾಣಿಸುವುದಿಲ್ಲ. ಅದರಲ್ಲೂ ಆ ಮಗು ಸಾಬು.

ಬರ್ಮಿಂಗ್‌ಹ್ಯಾಮ್‌ವಾಸಿ

ಒಳ್ಳೆ ವಿಷಯ. ನಾನಿರುವ ಊರಿಗೂ ಇವನಿಗೂ ನಂಟಿದೆ, ಹಾಗಾಗಿ ಸ್ವಲ್ಪ ಉದ್ದ ಬರೀತೀನಿ.

ಬ್ಯಾರಿ ಜಾಕ್ಸನ್ ಅಂತ ಒಬ್ಬ ಶ್ರೀಮಂತ ಇದ್ದ. ಅಪ್ಪ ಕಿರಾಣಿ ಸರಪಳಿ ಅಂಗಡಿಗಳಲ್ಲಿ ಮಾಡಿದ ದುಡ್ಡನ್ನೆಲ್ಲ ಈ ಪುಣ್ಯಾತ್ಮ ನಾಟಕಕ್ಕೆ ಸುರಿದ. 1913ರಲ್ಲಿ ಬರ್ಮಿಂಗ್‌ಹ್ಯಾಮ್ ರೆಪರ್ಟರಿ ಥಿಯೇಟರ್ (ಒಂದೇ ತಂಡ ಒಂದಾದ ಮೇಲೊಂದು ನಾಟಕ ಆಡುವ ರಂಗಮಂದಿರ) ಕಟ್ಟಿಸಿದ. 1929ರಲ್ಲಿ ಮಾಲ್ವರ್ನ್ ಎಂಬ ಗುಡ್ಡದ ತಪ್ಪಲಿನ ಊರಿನಲ್ಲಿ ಬೇಸಿಗೆ ನಾಟಕೋತ್ಸವ ಶುರುಮಾಡಿದ. ಅದು ಬಹುಮಟ್ಟಿಗೆ ಶಾನ ಉತ್ಸವವೇ ಆಗಿತ್ತು. ಮುದುಕ ಖುದ್ದು ಬಂದು ಅಲ್ಲೇ ಇರುತ್ತಿದ್ದ, ಊರಲ್ಲಿ ಓಡಾಡುತ್ತಿದ್ದ, ಜನ ನೋಡೋಕೆ ಬರುತ್ತಿದ್ದರು.

1932ರಲ್ಲಿ ಅಲ್ಲಿ ಶಾನ ‘ಟೂ ಟ್ರೂ ಟು ಬಿ ಗುಡ್’ ಆಯಿತು. ಪಾತ್ರವರ್ಗ ನೋಡಿದರೆ ತಲೆ ತಿರುಗುತ್ತದೆ: ಸೆಡ್ರಿಕ್ ಹಾರ್ಡ್‌ವಿಕ್, ರಾಲ್ಫ್ ರಿಚರ್ಡ್‌ಸನ್, ಎರ್ನೆಸ್ಟ್ ಥೆಸಿಜರ್. ಥೆಸಿಜರ್‌ದು ರೋಗಾಣುವಿನ ಪಾತ್ರ, ನಿಜವಾಗಿಯೂ! ಅವರ ಜೊತೆ ಪ್ರೈವೇಟ್ ಮೀಕ್ ಆಗಿ ವಾಲ್ಟರ್ ಹಡ್.

ಮೀಕ್ ಯಾರು ಗೊತ್ತಾಗಬೇಕು. ಪೂರ್ತಿ ಹೆಸರು ನೆಪೋಲಿಯನ್ ಅಲೆಕ್ಸಾಂಡರ್ ಟ್ರಾಟ್‌ಸ್ಕಿ ಮೀಕ್. ಸೈನ್ಯದಲ್ಲಿ ಎಲ್ಲರಿಗಿಂತ ಕೆಳಗಿನ ಸಾಮಾನ್ಯ ಸಿಪಾಯಿ. ಮೋಟಾರು ಸೈಕಲ್ ಏರಿ ಪಟಪಟ ಅಂತ ಬರುತ್ತಾನೆ, ಸಲ್ಯೂಟ್ ಹೊಡೆಯುತ್ತಾನೆ, ‘ಸರ್ ಸರ್’ ಅನ್ನುತ್ತಾನೆ. ಆದರೆ ಅಲ್ಲಿನ ಜನರ ಭಾಷೆ ಗೊತ್ತಿರುವುದು ಅವನಿಗೆ, ದಾಳಿ ಬಂದಾಗ ಏನು ಮಾಡಬೇಕು ಅಂತ ಗೊತ್ತಿರುವುದು ಅವನಿಗೆ. ಕರ್ನಲ್ ಸಾಹೇಬರಿಗೆ ಜಲವರ್ಣದ ಚಿತ್ರ ಬರೆಯುವುದೇ ಕೆಲಸ. ಕೊನೆಗೆ ‘ನೀನೇ ನೋಡ್ಕೋಪ್ಪ’ ಅನ್ನೋ ಹಾಗೆ ಯುದ್ಧವನ್ನೂ ಇವನಿಗೇ ಬಿಟ್ಟು ಕುಂಚ ಹಿಡಿದು ಹೋಗುತ್ತಾನೆ.

ಇದು ಮೊದಲ ಮಹಾಯುದ್ಧದಲ್ಲಿ ತುರ್ಕರ ವಿರುದ್ಧ ಅರಬರ ದಂಗೆಗೆ ಜೊತೆಯಾದ ಬ್ರಿಟಿಷ್ ಅಧಿಕಾರಿ ಟಿ. ಇ. ಲಾರೆನ್ಸ್‌ನನ್ನೇ, ಅಂದರೆ ‘ಲಾರೆನ್ಸ್ ಆಫ್ ಅರೇಬಿಯಾ’ನನ್ನೇ, ನೋಡಿ ಬರೆದ ಪಾತ್ರ ಅನ್ನೋದು ಆಗಲೇ ಎಲ್ಲರಿಗೂ ಗೊತ್ತಿತ್ತು. ಆ ಹೊತ್ತಿಗೆ ಲಾರೆನ್ಸ್ ಅರೇಬಿಯಾದ ಕೀರ್ತಿಯನ್ನೆಲ್ಲ ಬದಿಗಿಟ್ಟು ವಾಯುಸೇನೆಯಲ್ಲಿ ‘ಶಾ’ ಅನ್ನೋ ಹೆಸರಿನಲ್ಲಿ ಸಾಮಾನ್ಯ ನೌಕರನಾಗಿದ್ದ. ಬರ್ನಾರ್ಡ್ ಶಾ ದಂಪತಿಗೆ ತೀರಾ ಆಪ್ತ. ನಾಟಕದ ಕರಡು ಓದಿ ಸೈನ್ಯದ ರೀತಿನೀತಿಗಳಲ್ಲಿ ಎಲ್ಲೆಲ್ಲಿ ಎಡವಟ್ಟಾಗಿದೆ ಅಂತ ತಿದ್ದಿಕೊಟ್ಟವನೂ ಅವನೇ.

ಧಾರವಾಡದಾಂವ

ಭಾರಿ ಬರದೀರಿ. ಅದರ ಮುಂದಿನ ಕತಿ ನಾ ಹೇಳತೀನಿ.

ಅಲೆಕ್ಸಾಂಡರ್ ಕೋರ್ಡಾ, ಹಂಗೇರಿಯಿಂದ ಬಂದು ಬ್ರಿಟಿಷ್ ಸಿನಿಮಾದ ದೊಡ್ಡ ದೊರಿ ಆದಾಂವ, ಲಾರೆನ್ಸ್‌ನ ಪುಸ್ತಕದ ಹಕ್ಕು ತಗೊಂಡಿದ್ದ. 1935ರ ಜನವರಿಯೊಳಗ ಲಾರೆನ್ಸನ ಕೋರ್ಡಾನ್ನ ಕಂಡು, ‘ನಾ ಇರೂತನಕ ಬ್ಯಾಡ್ರಿ’ ಅಂದ. ಕೋರ್ಡಾ ಒಪ್ಪಿದ. ನಾಕು ತಿಂಗಳದಾಗ, ಮೇ 19ಕ್ಕ, ಲಾರೆನ್ಸ್ ಮೋಟಾರು ಸೈಕಲ್ ಅಪಘಾತದಾಗ ಹ್ವಾದ. ಸಿನಿಮಾದ ಮಾತು ಮತ್ತ ಶುರು ಆತು. ಆವಾಗ ಲಾರೆನ್ಸ್ ಪಾತ್ರಕ್ಕ ಕೇಳಿಬಂದ ಹೆಸರು ನಮ್ಮ ಹಡ್‌ಂದು. ಯಾಕಂದ್ರ ಮೀಕ್ ಪಾತ್ರದಾಗ ಜನ ಅವನನ್ನ ಅದೇ ಕಣ್ಣಿಲೆ ನೋಡಿದ್ದರು. ಮೈಕಟ್ಟೂ ಹಂಗ, ಮಾತಿನ ಧಾಟೀನೂ ಹಂಗ.

ಆದರ ಸಿನಿಮಾ ಆಗಲಿಲ್ಲ. ವರ್ಷದಿಂದ ವರ್ಷಕ್ಕ ಮುಂದ ಹೋತು. ತುರ್ಕರನ್ನ ವಿಲನ್ ಮಾಡಿ ತೋರಸೂದು ಆಗಿನ ಬ್ರಿಟಿಷ್ ಸರಕಾರಕ್ಕ ಬ್ಯಾಡಾಗಿತ್ತು. ನಡುವ ಲೆಸ್ಲಿ ಹೋವರ್ಡ್ ಹೆಸರು ಬಂತು. ಆಮ್ಯಾಲ ಯುದ್ಧ ಬಂತು. ಕಡೀಕ ‘ಲಾರೆನ್ಸ್ ಆಫ್ ಅರೇಬಿಯಾ’ ಅಂತ ಬ್ಯಾರೇದವರು ಮಾಡಿ ಲಂಡನ್ನಿನಾಗ ಬಿಡುಗಡೆ ಮಾಡಿದ್ದು 1962ರ ಡಿಸೆಂಬರ್ 10ಕ್ಕ. ಹಡ್ ಹೋಗಿದ್ದು 1963ರ ಜನವರಿ 20ಕ್ಕ. ಲೆಕ್ಕಾ ಹಾಕ್ರಿ.

ನನ್ನ ಕೇಳಿದ್ರ ಇದು ನಸೀಬದ ಕತಿ. ಒಂದು ಸಿನಿಮಾ ಆಗಿದ್ದರ ಇವತ್ತು ಈ ಎಳೀನ ಬೇಕಾಗತಿದ್ದಿಲ್ಲ.

ಹಿಂದಿನಸಾಲು

@ಧಾರವಾಡದಾಂವ ನಿಮ್ಮ ಮಾತು ಅರ್ಧ ಒಪ್ಪುತ್ತೇನೆ. ಇನ್ನರ್ಧಕ್ಕೆ ತಕರಾರಿದೆ. ‘ಆಗಬಹುದಿತ್ತು’ ಅನ್ನುವ ಕನ್ನಡಕ ಹಾಕಿಕೊಂಡರೆ ಆಗಿದ್ದೇನು ಅಂತ ಕಾಣುವುದಿಲ್ಲ. ನಾನು ರಂಗಭೂಮಿಯವನು, ಹಾಗಾಗಿ ಅಲ್ಲಿಂದ ನೋಡುತ್ತೇನೆ.

ಆ ಕಾಲದ ಇಂಗ್ಲಿಷ್ ನಟನಿಗೆ ಸಿನಿಮಾ ಬದುಕಲ್ಲ, ಸಂಬಳ. ಡೆನ್‌ಹ್ಯಾಮ್, ಎಲ್‌ಸ್ಟ್ರೀ, ಟ್ವಿಕನ್‌ಹ್ಯಾಮ್ ಇವೆಲ್ಲ ಲಂಡನ್ನಿನ ಸುತ್ತಮುತ್ತಲೇ ಇದ್ದ ಸ್ಟುಡಿಯೋಗಳು. ಬೆಳಿಗ್ಗೆ ಕತ್ತಲಲ್ಲೇ ಎದ್ದು ಸ್ಟುಡಿಯೋಗೆ ಹೋಗುವುದು, ದಿನವಿಡೀ ಕ್ಯಾಮೆರಾ ಮುಂದೆ ನಿಲ್ಲುವುದು, ಸಂಜೆ ಗಡಿಬಿಡಿಯಲ್ಲಿ ವಾಪಸ್ ಬಂದು ಲಂಡನ್ನಿನ ನಾಟಕಮಂದಿರಗಳ ಕೇರಿಯಾದ ವೆಸ್ಟ್ ಎಂಡ್‌ನಲ್ಲಿ ಬಣ್ಣ ಹಚ್ಚುವುದು. ಹಾಲಿವುಡ್ಡಿನವರಿಗೆ ಈ ಭಾಗ್ಯ ಇರಲಿಲ್ಲ. ನ್ಯೂಯಾರ್ಕಿನ ರಂಗಭೂಮಿಗೂ ಅವರಿಗೂ ನಡುವೆ ಒಂದು ಖಂಡವೇ ಇತ್ತು. ಹಾಗಾಗಿ ಬ್ರಿಟನ್ನಿನಲ್ಲಿ ಒಬ್ಬ ನಟ ಸಿನಿಮಾದಲ್ಲಿ ಚಿಕ್ಕ ಪಾತ್ರ ಮಾಡಿದ ಅಂದರೆ ಅವನು ಚಿಕ್ಕ ನಟ ಅಂತಲ್ಲ. ಸಂಜೆ ಏಳಕ್ಕೆ ಅವನಿಗೆ ಬೇರೆ ಕಡೆ ಕೆಲಸ ಇದೆ ಅಂತ.

1929ರ ನಂತರ ಮಾತಿನ ಚಿತ್ರ ಬಂತಲ್ಲ, ಆಗ ನಾಟಕದವರ ಗಂಟಲಿಗೆ ಬೆಲೆ ಬಂತು. ಜೊತೆಗೆ 1927ರ ಸಿನಿಮಾ ಕಾಯ್ದೆ. ಚಿತ್ರಮಂದಿರಗಳು ಇಂತಿಷ್ಟು ಪಾಲು ಬ್ರಿಟಿಷ್ ಚಿತ್ರಗಳನ್ನೇ ತೋರಿಸಬೇಕು ಅನ್ನುವ ಕೋಟಾ. ಮೊದಲು ಶೇ. 5 ಇತ್ತು, 1936ರ ಹೊತ್ತಿಗೆ ಶೇ. 20 ಆಯಿತು. ಅಮೆರಿಕದ ವಿತರಕರು ಕೋಟಾ ತುಂಬಿಸಲು ಫಿಲ್ಮಿನ ಅಡಿಗೊಂದು ಪೌಂಡ್ ಲೆಕ್ಕದಲ್ಲಿ ಎರಡು ವಾರಕ್ಕೊಂದು ಚಿತ್ರ ಸುತ್ತಿಸಿದರು. ಇಂಥ ‘ಕೋಟಾ ಕ್ವಿಕ್ಕಿ’ಗಳಲ್ಲಿ ಎಷ್ಟೋ ಜನ ಅನ್ನ ಕಂಡರು. ಹಡ್ ಈ ಗದ್ದಲದಲ್ಲಿ ಸಿಕ್ಕಿಕೊಂಡವನಲ್ಲ. ಸಿನಿಮಾದಲ್ಲಿ ಕಾಣಿಸಿಕೊಳ್ಳುವ ಹೊತ್ತಿಗೆ ಮೂವತ್ತೇಳು ಮೂವತ್ತೆಂಟು ದಾಟಿತ್ತು, ಬಂದದ್ದೂ ಕೋರ್ಡಾನ ಕಂಪನಿಯ ದೊಡ್ಡ ಬಾಗಿಲಿನಿಂದ: ‘ಮಾಸ್ಕೋ ನೈಟ್ಸ್’ನಲ್ಲಿ ಡಾಕ್ಟರು, ‘ರೆಂಬ್ರಾಂಟ್’ನಲ್ಲಿ ಒಬ್ಬ ಕ್ಯಾಪ್ಟನ್, ಆಮೇಲೆ ‘ಎಲಿಫೆಂಟ್ ಬಾಯ್’.

ಅದಕ್ಕೇ ‘ಪಾಪ ಹಡ್’ ಅನ್ನುವ ಧಾಟಿ ನನಗೆ ಹಿಡಿಸುವುದಿಲ್ಲ.

ಕಾಡುಮಲ್ಲಿಗೆ

‘ರೆಂಬ್ರಾಂಟ್’ ಅಂದಿರಲ್ಲ, ಆ ಕ್ಯಾಪ್ಟನ್ ಯಾರು ಅಂತ ಯಾರೂ ಹೇಳಲಿಲ್ಲ! ಫ್ರಾನ್ಸ್ ಬ್ಯಾನಿಂಗ್ ಕಾಕ್. ಹೆಸರು ಗೊತ್ತಿಲ್ಲದಿದ್ದರೂ ಮುಖ ನೋಡಿರುತ್ತೀರಿ. ರೆಂಬ್ರಾಂಟನ 1642ರ ‘ನೈಟ್ ವಾಚ್’ ವರ್ಣಚಿತ್ರದಲ್ಲಿ ನಟ್ಟನಡುವೆ, ಕಪ್ಪು ಉಡುಪು, ಕೆಂಪು ಪಟ್ಟಿ, ಕೈ ಮುಂದೆ ಚಾಚಿ ನಡೆದು ಬರುತ್ತಿರುವವನು.

ಸಿನಿಮಾದಲ್ಲಿ ಆ ಚಿತ್ರದ ಅನಾವರಣದ ದೃಶ್ಯ ಬಹಳ ಚೆನ್ನಾಗಿದೆ. ದುಡ್ಡು ಕೊಟ್ಟು ಬರೆಸಿದ ಗಣ್ಯರೆಲ್ಲ ಠೀವಿಯಿಂದ ಬಂದು ನಿಲ್ಲುತ್ತಾರೆ. ಪರದೆ ಸರಿಯುತ್ತದೆ. ಅರ್ಧ ಜನರ ಮುಖ ಕತ್ತಲಲ್ಲಿದೆ! ಚಾರ್ಲ್ಸ್ ಲಾಟನ್ ಒಂದು ಪಕ್ಕದಲ್ಲಿ ನಿಂತು ಆ ಅವಮಾನವನ್ನು ನುಂಗುವ ರೀತಿಯನ್ನೇ ಎಲ್ಲರೂ ನೆನಪಿಟ್ಟುಕೊಳ್ಳುತ್ತಾರೆ, ಸರಿಯೇ. ನನಗೆ ತಮಾಷೆ ಅನಿಸುವುದು ಇದು: ಜಗತ್ತಿನ ಅತಿ ಪ್ರಸಿದ್ಧ ಗುಂಪುಚಿತ್ರದ ನಡುಮಧ್ಯದ ಮನುಷ್ಯನ ಪಾತ್ರ ಸಿಕ್ಕಿತು, ಆದರೆ ಆ ಸಿನಿಮಾದಲ್ಲಿ ಅವನೇ ಗುಂಪಿನಲ್ಲೊಬ್ಬ.

ಹಳೇರೀಲು

@ಕಾಡುಮಲ್ಲಿಗೆ ಇದನ್ನೇ ಯಾರಾದರೂ ಹೇಳಲಿ ಅಂತ ಕಾಯ್ತಿದ್ದೆ.

ನನ್ನ ಅಭಿಪ್ರಾಯ ಈಗ ಹೇಳಿಬಿಡ್ತೀನಿ. ಮೀಕ್ ಪಾತ್ರದ ಜೀವ ಇರುವುದು ತಲೆಕೆಳಗಾದ ದರ್ಜೆಯಲ್ಲಿ. ಎಲ್ಲರಿಗಿಂತ ಕೆಳಗೆ ಇದ್ದುಕೊಂಡು ಎಲ್ಲವನ್ನೂ ನಡೆಸುವವನು. ರಂಗಭೂಮಿ ಹಡ್‌ನಲ್ಲಿ ಕಂಡದ್ದು ಅದನ್ನು. ಸಿನಿಮಾ ಅವನಿಗೆ ಕೊಟ್ಟದ್ದು ಸರಿಯಾಗಿ ಅದರ ವಿರುದ್ಧ: ಕ್ಯಾಪ್ಟನ್, ಸಾಹೇಬ, ಲಾಯರು, ಮುಂದೆ ಜಡ್ಜು, ಅಡ್ಮಿರಲ್. ದರ್ಜೆ ಆಕಾಶದಷ್ಟು ಎತ್ತರ, ಮಾಡಲು ಏನೂ ಇಲ್ಲ. ಆ ಮೆಲುದನಿ, ಆ ತಣ್ಣನೆಯ ನೋಟ ಸಿಪಾಯಿಯಲ್ಲಿದ್ದರೆ ಕುತೂಹಲ ಹುಟ್ಟಿಸುತ್ತದೆ. ಅದೇ ಜಡ್ಜಿನಲ್ಲಿದ್ದರೆ ‘ಜಡ್ಜು ಇರೋದೇ ಹಾಗೆ’ ಅನಿಸಿ ಕಣ್ಣು ಮುಂದೆ ಹೋಗಿಬಿಡುತ್ತದೆ.

ಸುಮ್ನೆಬಂದೆ

ನಮ್ಮ ಹಳೇ ಸಿನಿಮಾದಲ್ಲಿ ಸುತ್ತಿಗೆ ಕುಟ್ಟಿ ಆರ್ಡರ್ ಆರ್ಡರ್ ಅಂತಿದ್ದ ಜಡ್ಜುಗಳ ಹೆಸರು ಯಾರಿಗಾದ್ರೂ ಗೊತ್ತಾ? ಅದೇ ಕೇಸು.

ಒಂದು ಡೌಟು. ಈತ ಮೈಸೂರಿಗೆ ಬಂದಿದ್ನಾ?

ಕಪಿಲಾತೀರ

ಈ ಪ್ರಶ್ನೆಗೆ ಸ್ವಲ್ಪ ಹಿಂದಿನಿಂದ ಬರಬೇಕು. ನಮ್ಮ ಎಚ್.ಡಿ. ಕೋಟೆ ಕಡೆಯ ವಿಷಯ, ಬಿಡೋಕೆ ಮನಸ್ಸಿಲ್ಲ.

‘ಎಲಿಫೆಂಟ್ ಬಾಯ್’ ಒಂದೇ ಸಿನಿಮಾ ಅಲ್ಲ, ಎರಡು ಸಿನಿಮಾ ಹೊಲಿದು ಒಂದು ಮಾಡಿದ್ದು. ಮೊದಲನೆಯದು ರಾಬರ್ಟ್ ಫ್ಲಾಹರ್ಟಿಯದು. ಸಾಕ್ಷ್ಯಚಿತ್ರದ ಪಿತಾಮಹ ಅನಿಸಿಕೊಂಡ ಮನುಷ್ಯ. 1935ರಲ್ಲಿ ಹೆಂಡತಿ ಫ್ರಾನ್ಸಿಸ್, ತಮ್ಮ ಡೇವಿಡ್, ಛಾಯಾಗ್ರಾಹಕ ಬೊರಡೇಲ್ ಎಲ್ಲರೊಂದಿಗೆ ಮೈಸೂರಿಗೆ ಬಂದು ಚಿತ್ತರಂಜನ್ ಮಹಲಿನಲ್ಲಿ ಬಿಡಾರ ಹೂಡಿದ. ನಾಲ್ವಡಿ ಕೃಷ್ಣರಾಜ ಒಡೆಯರ ಕಾಲ. ಅರಮನೆಯ ಆನೆಗಳು, ಮಾವುತರು, ಕಾಡು ಎಲ್ಲಕ್ಕೂ ಅನುಮತಿ ಸಿಕ್ಕಿತು. ಕಾಲಾ ನಾಗ್ ಅಂತ ಸಿನಿಮಾದಲ್ಲಿ ಕಾಣುವ ಆನೆ ಅರಮನೆಯ ಐರಾವತ. ಕಾಕನಕೋಟೆ ಕಡೆಯ ಕಾಡು, ಖೆಡ್ಡಾ, ಹೊಳೆ ದಾಟುವ ಕಾಡಾನೆ ಹಿಂಡು ಇದೆಲ್ಲ ಫ್ಲಾಹರ್ಟಿಯ ಕಣ್ಣು. ಆ ಜಾಗದಲ್ಲಿ ಎಷ್ಟೋ ಭಾಗ ಈಗ ಕಬಿನಿ ಹಿನ್ನೀರಿನ ಅಡಿ ಇದೆ. ಹಾಗಾಗಿ ಆ ದೃಶ್ಯಗಳನ್ನು ನಾನು ಸಿನಿಮಾ ಅಂತ ನೋಡೋದೇ ಇಲ್ಲ.

ಫ್ಲಾಹರ್ಟಿಗೆ ಕತೆ ಬೇಕಿರಲಿಲ್ಲ, ಕಾಡು ಬೇಕಿತ್ತು. ತಿಂಗಳುಗಟ್ಟಲೆ ಫಿಲ್ಮು ಓಡಿಸುತ್ತಲೇ ಇದ್ದ. ಲಂಡನ್ನಿನಲ್ಲಿ ಕೋರ್ಡಾಗೆ ಖರ್ಚು ನೋಡಿ ಎದೆ ಒಡೆಯಿತು. ಮೊದಲು ಮಾಂಟಾ ಬೆಲ್ ಅನ್ನುವ ಅಮೆರಿಕನ್ ನಿರ್ದೇಶಕನನ್ನು ಕಳಿಸಿದ, ಆಮೇಲೆ ತಮ್ಮ ಜೋಲ್ಟನ್‌ನನ್ನು. ಕೊನೆಗೆ 1936ರಲ್ಲಿ ಎಲ್ಲರನ್ನೂ ವಾಪಸ್ ಕರೆಸಿಕೊಂಡು, ಆಗಷ್ಟೇ ಕಟ್ಟಿದ್ದ ಡೆನ್‌ಹ್ಯಾಮ್ ಸ್ಟುಡಿಯೋದಲ್ಲಿ ಕಾಡಿನ ಸೆಟ್ ಹಾಕಿ, ಕತೆ ಸೇರಿಸಿ, ಮಾತಿನ ದೃಶ್ಯಗಳನ್ನು ಜೋಲ್ಟನ್ ಕೈಯಲ್ಲಿ ತೆಗೆಸಿದರು. ಸಾಬು ಅಣ್ಣನ ಜೊತೆ ಹಡಗು ಹತ್ತಿದ್ದು ಅದಕ್ಕೇ. ಪೀಟರ್‌ಸನ್ ಸಾಹೇಬ ಮಾತಾಡುವುದು ಈ ಎರಡನೇ ಸಿನಿಮಾದಲ್ಲಿ. ಹಡ್‌ನ ‘ಮೈಸೂರು’ ಇದ್ದದ್ದು ಲಂಡನ್ನಿನ ಪಶ್ಚಿಮಕ್ಕೆ, ಕೋಲ್ನ್ ನದಿಯ ದಂಡೆಯಲ್ಲಿ.

ನೋಡುವಾಗ ಒಂದು ಗಮನಿಸಿ. ಮೈಸೂರಿನಲ್ಲಿ ತೆಗೆದ ಶಾಟುಗಳಲ್ಲಿ ಬಿಸಿಲು ನೆತ್ತಿ ಸುಡುತ್ತದೆ, ನೆರಳು ಕಡುಕಪ್ಪು, ಆನೆಯ ಬೆನ್ನ ಮೇಲಿನ ದೂಳು ಕೂಡ ಹೊಳೆಯುತ್ತದೆ. ಶಿಬಿರದ ಮಾತು ಶುರುವಾದ ಕೂಡಲೇ ಬೆಳಕು ತೆಳುವಾಗುತ್ತದೆ, ನೆರಳಿನ ಅಂಚು ಕರಗುತ್ತದೆ. ಸಾಬುವಿನ ಮುಖವೇ ಒಂದು ಶಾಟಿಗೂ ಇನ್ನೊಂದಕ್ಕೂ ಒಂದಿಷ್ಟು ಬೆಳೆದ ಹಾಗಿರುತ್ತದೆ. ಹಡ್ ಆ ಎರಡು ಬೆಳಕಿನ ನಡುವೆ ನಿಂತು ಹೊಲಿಗೆ ಕಾಣದ ಹಾಗೆ ನೋಡಿಕೊಳ್ಳಬೇಕು. ಕತೆಯಲ್ಲಿ ಏನು ಮುಂದೆ ಹೋಗಬೇಕಿದ್ದರೂ, ಹುಡುಗನನ್ನು ತಂಡಕ್ಕೆ ಸೇರಿಸುವುದಾಗಲಿ, ರೊಚ್ಚಿಗೆದ್ದ ಆನೆಯ ಗತಿ ಏನು ಅನ್ನುವುದಾಗಲಿ, ಅವನ ಬಾಯಿಂದಲೇ ಬರಬೇಕು. ಇಂಗ್ಲಿಷ್ ಆಗಷ್ಟೇ ಕಲಿಯುತ್ತಿದ್ದ ಹುಡುಗನ ಎದುರಿಗೆ ನಿಂತು, ಅವನನ್ನು ನುಂಗದೆ, ಸಾಲು ಒಪ್ಪಿಸುವುದು ಸಣ್ಣ ಕೆಲಸ ಅಲ್ಲ.

ಇನ್ನೊಂದು ಮಾತು. ಈ ಸಿನಿಮಾಕ್ಕೆ ಮೂಲವಾದ ಕಿಪ್ಲಿಂಗನ ಕತೆ ನಡೆಯುವುದು ಈಶಾನ್ಯದ ಗಾರೋ ಬೆಟ್ಟಗಳಲ್ಲಿ, ನಮ್ಮ ಕಡೆ ಅಲ್ಲ. ಆದರೆ ಪೀಟರ್‌ಸನ್ ಸಾಹೇಬನ ಮೂಲ ಜಿ. ಪಿ. ಸ್ಯಾಂಡರ್ಸನ್ ಅಂತ ಹೇಳುವವರಿದ್ದಾರೆ. ಮೈಸೂರು ಸಂಸ್ಥಾನದಲ್ಲಿ ನೀರಾವರಿ ಕೆಲಸಕ್ಕೆ ಬಂದು, ಚಾಮರಾಜನಗರದ ಕಡೆ ಬಿಡಾರ ಮಾಡಿಕೊಂಡು, 1870ರ ದಶಕದಲ್ಲಿ ಇಲ್ಲಿ ಖೆಡ್ಡಾ ಪದ್ಧತಿ ತಂದವನು. ಆಮೇಲೆ ಗಾರೋ ಬೆಟ್ಟಕ್ಕೂ ಆನೆ ಹಿಡಿಯಲು ಹೋದ. ಅದು ನಿಜವಾದರೆ, ಸಿನಿಮಾದವರು ಕತೆಯನ್ನು ಮೈಸೂರಿಗೆ ತಂದದ್ದು ಸಾಹೇಬನನ್ನು ಅವನ ಊರಿಗೇ ಕರೆತಂದ ಹಾಗಾಯಿತು.

ಕಾಡುಮಲ್ಲಿಗೆ

ತುಂಬ ಚೆನ್ನಾಗಿ ಬರೆದಿದ್ದೀರಿ ಕಪಿಲಾತೀರ. ಆದರೆ ಒಂದು ವಿಷಯ ಎಲ್ಲರೂ ಜಾರಿಸಿಬಿಟ್ಟಿರಿ. ಡೆನ್‌ಹ್ಯಾಮ್‌ನಲ್ಲಿ ಸೇರಿಸಿದ್ದು ಬರೀ ಸಾಹೇಬರನ್ನಲ್ಲ. ತೂಮಾಯಿಯ (ಅಂದರೆ ಸಾಬು ಮಾಡಿದ ಹುಡುಗನ) ತಂದೆ, ‘ಮಚುವಾ ಅಪ್ಪ’ ಅನ್ನೋ ಹೆಸರಿನ ಪಾತ್ರ, ಆನೆಗೆ ಹೊಡೆಯುವ ರಾಮ್ ಲಾಲ್ ಎಲ್ಲ ಬಿಳಿ ನಟರು, ಮುಖಕ್ಕೆ ಕಂದು ಬಣ್ಣ ಬಳಿದುಕೊಂಡವರು. ಡಬ್ಲ್ಯೂ. ಇ. ಹಾಲೋವೇ, ಅಲನ್ ಜೇಯ್ಸ್, ಬ್ರೂಸ್ ಗಾರ್ಡನ್. ಮಾವುತರ ಮನೆಯ ಹುಡುಗ ಒಬ್ಬನೇ ಅಸಲಿ, ಸುತ್ತ ಲಂಡನ್ನಿನ ರಂಗಮಂದಿರ. ಆ ದೃಶ್ಯಗಳಲ್ಲಿ ನನಗೆ ನಗು ಬರುತ್ತೆ, ಸಿಟ್ಟೂ ಬರುತ್ತೆ. ಹಡ್ ಕನಿಷ್ಠ ತನ್ನದೇ ಮುಖದಲ್ಲಿದ್ದ ಅನ್ನೋದೇ ಅವನ ಅದೃಷ್ಟ. ಅವನ ಅಭಿನಯ ಇವತ್ತಿಗೂ ಮುಜುಗರ ತರಿಸದೇ ಇರೋದಕ್ಕೆ ಅರ್ಧ ಕಾರಣ ಅದು.

ಹಿಂದಿನಸಾಲು

@ಕಾಡುಮಲ್ಲಿಗೆ ಒಪ್ಪಿದೆ, ವಾದ ಇಲ್ಲ. ಆ ಕಾಲದ ರೂಢಿ ಅಂತ ಸಮರ್ಥನೆ ಕೊಡುವವರು ಸಾಬುವಿನ ಪಕ್ಕ ಹಾಲೋವೇಯನ್ನು ನಿಲ್ಲಿಸಿ ಒಮ್ಮೆ ನೋಡಲಿ.

ಜೇಯ್ಸ್ ಹೆಸರು ಬಂತಲ್ಲ, ಕೋರ್ಡಾನ ಕಂಪನಿಗೆ ಇಂಥ ನಟರ ಒಂದು ಖಾಯಂ ಪಡೆ ಇತ್ತು. ಜೇಯ್ಸ್ ‘ರೆಂಬ್ರಾಂಟ್’ನಲ್ಲಿ ಡಾ. ಟುಲ್ಪ್, 1939ರ ‘ಫೋರ್ ಫೆದರ್ಸ್’ನಲ್ಲಿ ಜನರಲ್, 1940ರ ‘ದಿ ಥೀಫ್ ಆಫ್ ಬಾಗ್ದಾದ್’ನಲ್ಲಿ ಮತ್ತೆ ಸಾಬುವಿನ ಚಿತ್ರದಲ್ಲೇ ಕತೆಗಾರ. ‘ಎಲಿಫೆಂಟ್ ಬಾಯ್’ನಲ್ಲಿ ಕಮಿಷನರ್ ಆಗಿ ಬಂದು ಹೋಗುವ ವಿಲ್‌ಫ್ರಿಡ್ ಹೈಡ್-ವೈಟ್ ಆಗ ಹಡ್‌ಗಿಂತ ಚಿಕ್ಕ ಹೆಸರು. ಮುಂದೆ ‘ಮೈ ಫೇರ್ ಲೇಡಿ’ಯ ಕರ್ನಲ್ ಪಿಕರಿಂಗ್ ಆಗಿ ಲೋಕಕ್ಕೆಲ್ಲ ಪರಿಚಿತನಾದ. ಇಬ್ಬರ ವ್ಯತ್ಯಾಸ ಪ್ರತಿಭೆಯದ್ದಲ್ಲ ಅಂತ ನನ್ನ ಅನಿಸಿಕೆ. ಹೈಡ್-ವೈಟ್ ಪ್ರತಿ ಸಿನಿಮಾದಲ್ಲೂ ಹೈಡ್-ವೈಟನೇ ಆಗಿರುತ್ತಿದ್ದ, ಜನ ಗುರುತು ಹಿಡಿದರು. ಹಡ್ ಪಾತ್ರದಲ್ಲಿ ಕರಗುತ್ತಿದ್ದ, ಜನ ಮರೆತರು. ಮೆಚ್ಚಬೇಕಾದ ಗುಣವೇ ಮುಳುವಾದದ್ದು.

ಅಂದ ಹಾಗೆ ಹಡ್, ಜೇಯ್ಸ್, ಸಾಬು ಮೂವರೂ ಹೋದದ್ದು 1963ರಲ್ಲೇ. ಸಾಬುಗೆ ಆಗ ಬರೀ ಮೂವತ್ತೊಂಬತ್ತು.

ಧಾರವಾಡದಾಂವ

ಕರಗೂ ಗುಣದ ಬಗ್ಗೆ ಅಂದ್ರಿ, ಒಂದು ಉದಾಹರಣಿ ಕೊಡತೀನಿ. ‘ಮೇಜರ್ ಬಾರ್ಬರಾ’, ಶಾನ ನಾಟಕ, 1940ರಾಗ ಲಂಡನ್ ಮ್ಯಾಲೆ ಬಾಂಬ್ ಬೀಳೂ ಹೊತ್ತಿನಾಗ ಶೂಟಿಂಗ್ ಮಾಡಿದ ಸಿನಿಮಾ. ಮುಂದಿನ ವರ್ಷ ತೆರಿಗೆ ಬಂತು. ಅದರಾಗ ಹಡ್ ಸ್ಟೀಫನ್ ಅಂಡರ್‌ಶಾಫ್ಟ್, ಮದ್ದುಗುಂಡು ಸಾಹುಕಾರನ ಮಗ. ನಾಟಕದಾಗ ಸ್ಟೀಫನ್‌ಗ ಇಪ್ಪತ್ತೈದೂ ತುಂಬಿಲ್ಲ. ಹಡ್‌ಗ ಆಗ ನಲವತ್ತಮೂರು! ಆದರೂ ನಡೀತದ. ಯಾಕ? ಸ್ಟೀಫನ್ ಹುಟ್ಟಾನ ಮುದುಕ. ಎಲ್ಲಾ ಗೊತ್ತದ ಅನ್ನೂ ಮಾರಿ, ಏನೂ ಗೊತ್ತಿಲ್ಲದ ತಲಿ. ‘ಇಂವ ರಾಜಕಾರಣಕ್ಕ ತಕ್ಕವ’ ಅಂತ ಅಪ್ಪನ ತೀರ್ಮಾನ ಮಾಡತಾನ. ಹಡ್ ಆ ಮಾತು ಕೇಳಿ ಸೆಟಗೊಂಡು ನಿಲ್ಲೂ ರೀತಿ ನೋಡ್ರಿ.

ಮೀಕ್ ಮಾಡಿದಾಂವನ ಸ್ಟೀಫನ್ನೂ ಮಾಡತಾನಂದ್ರ, ಶಾನ ಎರಡೂ ತುದಿ ಇಂವಗ ಕೈವಶ ಇತ್ತು ಅಂತಾತು.

ಬರ್ಮಿಂಗ್‌ಹ್ಯಾಮ್‌ವಾಸಿ

ಅದೇ ಚಿತ್ರದಲ್ಲಿ ಇನ್ನೊಬ್ಬ ಮರೆತುಹೋದ ನಟ ಇದ್ದಾನೆ: ಡೊನಾಲ್ಡ್ ಕ್ಯಾಲ್‌ಥ್ರಾಪ್. ಬಡವರಿಗೆ ನೆರವಾಗುವ ಕ್ರೈಸ್ತ ಸಂಸ್ಥೆ ಸಾಲ್ವೇಷನ್ ಆರ್ಮಿಯ ಆಶ್ರಯದಲ್ಲಿ ಕೂತ ಬಡ ಕಾರ್ಮಿಕ ಪೀಟರ್ ಶರ್ಲಿ. ಹಿಚ್‌ಕಾಕ್‌ನ 1929ರ ‘ಬ್ಲ್ಯಾಕ್‌ಮೇಲ್’ನಲ್ಲಿ ಬ್ಲ್ಯಾಕ್‌ಮೇಲ್ ಮಾಡುವವನೇ ಇವನು, ಬ್ರಿಟಿಷ್ ಮ್ಯೂಸಿಯಮ್ಮಿನ ಗುಮ್ಮಟದ ಮೇಲೆ ಓಡುತ್ತಾನಲ್ಲ, ಅವನೇ. ಅಜ್ಜ ದಯಾನ್ ಬೂಸಿಕೋ, ಹತ್ತೊಂಬತ್ತನೇ ಶತಮಾನದ ಹೆಸರಾಂತ ನಾಟಕಕಾರ. 1935ರ ‘ಸ್ಕ್ರೂಜ್’ನಲ್ಲಿ ಬಾಬ್ ಕ್ರ್ಯಾಚಿಟ್ ಕೂಡ ಇವನೇ. ‘ಮೇಜರ್ ಬಾರ್ಬರಾ’ ಚಿತ್ರೀಕರಣ ನಡೆಯುತ್ತಿದ್ದಾಗಲೇ 1940ರ ಜುಲೈಯಲ್ಲಿ ಹೃದಯಾಘಾತದಿಂದ ತೀರಿಕೊಂಡ. ಇವನಿಗೆ ಬೇರೆ ಎಳೆಯೇ ಬೇಕು, ಇಲ್ಲಿ ಹಾದಿ ತಪ್ಪಿಸುವುದಿಲ್ಲ.

ಹಡ್‌ಗೆ ಬಂದರೆ, ಬ್ಯಾರಿ ಜಾಕ್ಸನ್‌ನ ನಂಟು ಮಾಲ್ವರ್ನ್‌ಗೇ ಮುಗಿಯಲಿಲ್ಲ. ಯುದ್ಧ ಮುಗಿದ ಮೇಲೆ ಜಾಕ್ಸನ್ ಸ್ಟ್ರಾಟ್‌ಫರ್ಡ್‌ನ ಶೇಕ್ಸ್‌ಪಿಯರ್ ಸ್ಮಾರಕ ರಂಗಮಂದಿರದ ಹೊಣೆ ಹೊತ್ತಾಗ 1946ರಲ್ಲಿ ಹಡ್ ಅಲ್ಲಿ ಮಾರ್ಲೋನ ‘ಡಾಕ್ಟರ್ ಫಾಸ್ಟಸ್’ ನಿರ್ದೇಶಿಸಿದ. ಅದೇ ಋತುವಿನಲ್ಲಿ ಇಪ್ಪತ್ತೊಂದು ವರ್ಷದ ಪೀಟರ್ ಬ್ರೂಕ್ ಅಲ್ಲಿ ಮೊದಲ ಬಾರಿಗೆ ಶೇಕ್ಸ್‌ಪಿಯರ್ ಮಾಡಿಸಿದ. ಪಾಲ್ ಸ್ಕೋಫೀಲ್ಡ್ ಹೊಸ ಹುಡುಗ. ಮರುವರ್ಷ ಹಡ್ ‘ರಿಚರ್ಡ್ II’ ಮಾಡಿಸಿದ. ಎರಡು ಯುದ್ಧಗಳ ನಡುವೆ ಕಲಿತ ರೆಪರ್ಟರಿಯ ಶಿಸ್ತು ಹೊಸ ತಲೆಮಾರಿಗೆ ದಾಟಿದ್ದು ಇಂಥವರ ಕೈಯಿಂದ. ಸಿನಿಮಾ ಪಟ್ಟಿ ಒಂದನ್ನೇ ನೋಡುವವರಿಗೆ ಈ ವರ್ಷಗಳು ಖಾಲಿ ಕಾಣುತ್ತವೆ.

ಹಳೇರೀಲು

ಈ ಮಾಹಿತಿ ಇಲ್ಲದೆ ನನ್ನ ವಾದ ಏಕಮುಖ ಆಗ್ತಿತ್ತು, ಥ್ಯಾಂಕ್ಸ್. ಆದರೂ ಪೂರ್ತಿ ಬಿಟ್ಟುಕೊಡಲ್ಲ. 1950ರ ನಂತರದ ಪಾತ್ರಗಳನ್ನು ನೋಡಿ: 1953ರ ‘ಕಾಶ್ ಬಾಯ್’ನಲ್ಲಿ ಮ್ಯಾಜಿಸ್ಟ್ರೇಟ್, 1955ರ ‘ಕಾಸ್ಟ್ ಎ ಡಾರ್ಕ್ ಶ್ಯಾಡೋ’ನಲ್ಲಿ ಕಾರೊನರ್ (ಅಸಹಜ ಸಾವುಗಳ ವಿಚಾರಣೆ ಮಾಡುವ ಅಧಿಕಾರಿ), 1960ರ ‘ಸಿಂಕ್ ದ ಬಿಸ್ಮಾರ್ಕ್’ನಲ್ಲಿ ಹುಡ್ ನೌಕೆಯ ಅಡ್ಮಿರಲ್, 1962ರ ‘ಲೈಫ್ ಫಾರ್ ರೂತ್’ನಲ್ಲಿ ಜಡ್ಜು. ಒಬ್ಬ ಮನುಷ್ಯ ತೆರೆಯ ಮೇಲೆ ಇಷ್ಟು ತೀರ್ಪು ಕೊಟ್ಟದ್ದು ಬೇರೆ ಎಲ್ಲೂ ನೋಡಿಲ್ಲ. ಮೂವತ್ತರ ದಶಕದ ಪೀಟರ್‌ಸನ್ ಸಾಹೇಬನೇ ವಯಸ್ಸಾಗಿ, ಕಾಡಿನಿಂದ ಕೋರ್ಟಿಗೆ ವರ್ಗವಾಗಿ ಬಂದ ಹಾಗಿದೆ.

ಧಾರವಾಡದಾಂವ

ಒಂದ ಪಾತ್ರ ಬಿಟ್ಟೀರಿ. ಅದು ನಿಮ್ಮ ಸಿದ್ಧಾಂತಕ್ಕ ಭಾಳ ಛಲೋ ಕೂಡತದ, ಕೇಳ್ರಿ.

1952ರ ‘ದಿ ಇಂಪಾರ್ಟೆನ್ಸ್ ಆಫ್ ಬೀಯಿಂಗ್ ಅರ್ನೆಸ್ಟ್’. ಆಸ್ಕರ್ ವೈಲ್ಡ್ ನಾಟಕ, ಆಂಥನಿ ಆಸ್ಕ್ವಿತ್ ನಿರ್ದೇಶನ. ‘ಮಾಸ್ಕೋ ನೈಟ್ಸ್’ ಮಾಡಿದ ಅದೇ ಆಸ್ಕ್ವಿತ್. ಮೈಕೆಲ್ ರೆಡ್‌ಗ್ರೇವ್, ಈಡಿತ್ ಇವಾನ್ಸ್, ಮಾರ್ಗರೆಟ್ ರುದರ್‌ಫೋರ್ಡ್ ಎಲ್ಲಾ ಘಟಾನುಘಟಿಗಳು. ಹಡ್ ಯಾರು? ಲೇನ್. ಆಲ್ಜರ್ನನ್‌ನ ಮನಿ ಬಟ್ಲರ್.

ಅತ್ತಿಗಂತ ಮಾಡಿಸಿದ ಸೌತಿಕಾಯಿ ಸ್ಯಾಂಡ್‌ವಿಚ್ ಎಲ್ಲಾ ಧಣಿನ ತಿಂದು ಮುಗಿಸ್ಯಾನ. ಅತ್ತಿ, ಅಂದ್ರ ಲೇಡಿ ಬ್ರಾಕ್‌ನೆಲ್, ಬಂದು ಕೂತು ಕೇಳತಾಳ. ಖ್ಯಾಲಿ ತಾಟು. ಧಣಿ ಗಾಬರಿ ಆದಾಂವರಗತೆ ನಾಟಕಾ ಮಾಡಿ, ‘ಲೇನ್, ಸೌತಿಕಾಯಿ ಸ್ಯಾಂಡ್‌ವಿಚ್ ಎಲ್ಲೆ?’ ಅಂತಾನ. ಲೇನ್‌ಗ ಮೊದಲ ಯಾರೂ ಹೇಳಿಕೊಟ್ಟಿಲ್ಲ. ಒಂದು ಕ್ಷಣ. ಮಾರಿ ಮ್ಯಾಲಿನ ಒಂದು ಗೆರೀನೂ ಹಂದೂದುಲ್ಲ. ‘ಮುಂಜಾನೆ ಮಾರ್ಕೆಟ್ಟಿನಾಗ ಸೌತಿಕಾಯಿ ಇರಲಿಲ್ಲ ಸರ್, ಎರಡು ಸಲ ಹೋಗಿಬಂದೆ.’ ‘ಸೌತಿಕಾಯಿನ ಇರಲಿಲ್ಲ?’ ‘ಇಲ್ಲ ಸರ್. ರೊಕ್ಕಾ ಎಣಿಸಿ ಕೊಡತೀನಂದ್ರೂ ಇಲ್ಲ.’

ಆ ಕಡೀ ಸಾಲು ಅಂವ ತಾನಾಗಿ ಸೇರಿಸಿದ ಬೋನಸ್ಸು! ಮನಿ ಮರ್ಯಾದಿ ಉಳಿಸಿದಾಂವ ಧಣಿ ಅಲ್ಲ, ಆಳು. ತಳಗಿನ ಮೆಟ್ಟಲಮ್ಯಾಲ ನಿಂತು ‘ಸರ್ ಸರ್’ ಅನಕೋತ ಎಲ್ಲಾ ನಡಸಾಂವ. ಬರ್ಮಿಂಗ್‌ಹ್ಯಾಮ್ ಸಾಹೇಬ್ರ, ಇಂವ ಯಾರು ಹೇಳ್ರಿ?

ಬರ್ಮಿಂಗ್‌ಹ್ಯಾಮ್‌ವಾಸಿ

ಮೀಕ್! ಮೋಟಾರು ಸೈಕಲ್ ಇಲ್ಲ ಅಷ್ಟೇ.

ಹಿಂದಿನಸಾಲು

ಇದು ಚೆನ್ನಾಗಿ ಹೊಳೆಯಿತು ನಿಮಗೆ. ಒಂದು ಸೇರಿಸುತ್ತೇನೆ. ಅದೇ ಚಿತ್ರದಲ್ಲಿ ಹಳ್ಳಿಮನೆಯ ಬಟ್ಲರ್ ಮೆರಿಮನ್ ಬೇರೆ ನಟ, ಆಬ್ರಿ ಮ್ಯಾಥರ್. ಎರಡನ್ನೂ ಪಕ್ಕಪಕ್ಕ ನೋಡಿ. ಮ್ಯಾಥರ್ ಸುತ್ತ ನಡೆಯುವುದನ್ನು ಕಂಡು ನಮ್ಮ ಜೊತೆ ಒಳಗೊಳಗೇ ನಗುತ್ತಿದ್ದಾನೆ ಅನಿಸುತ್ತದೆ. ಹಡ್ ನಮ್ಮ ಕಡೆ ತಿರುಗುವುದೇ ಇಲ್ಲ. ಲೇನ್‌ಗೆ ಪ್ರೇಕ್ಷಕರಿದ್ದಾರೆ ಅಂತಲೇ ಗೊತ್ತಿಲ್ಲ. ನಮ್ಮ ರಂಗಶಿಬಿರಗಳಲ್ಲಿ ಹಾಸ್ಯ ಮಾಡುವ ಹುಡುಗರಿಗೆ ಮೊದಲು ತೋರಿಸಬೇಕಾದದ್ದು ಇದನ್ನು. ಅವರು ಸಾಲು ಹೇಳುವ ಮೊದಲೇ ಕಣ್ಣು ಮಿಟುಕಿಸಿರುತ್ತಾರೆ!

ಕಾಡುಮಲ್ಲಿಗೆ

ಹಾಗಾದ್ರೆ ಹಳೇರೀಲು ಅವರ ‘ದರ್ಜೆ ಎತ್ತರ, ಕೆಲಸ ಇಲ್ಲ’ ವಾದಕ್ಕೆ ಲೇನ್ ಒಬ್ಬ ಅಪವಾದ ಅಂತಾಯ್ತು. ಪೀಟರ್‌ಸನ್ ಪಾತ್ರವನ್ನೂ ಹೀಗೇ ಇನ್ನೊಮ್ಮೆ ನೋಡಬಹುದೇನೋ. ಸಾಹೇಬ ಅಂತ ಅಲ್ಲ, ಆ ಹುಡುಗನಿಗೆ ಜಾಗ ಬಿಟ್ಟು ಪಕ್ಕಕ್ಕೆ ಸರಿದ ನಟ ಅಂತ. ಸಾಬು ಸೀದಾ ಕ್ಯಾಮೆರಾ ನೋಡಿ ಕತೆ ಹೇಳುವ ಆರಂಭದ ದೃಶ್ಯ ಆದಮೇಲೆ ಯಾವ ನಟನಿಗೂ ಆ ಚಿತ್ರದಲ್ಲಿ ಗೆಲ್ಲುವ ಆಸೆ ಇರಬಾರದು. ಹಡ್‌ಗೆ ಅದು ಅರ್ಥವಾಗಿತ್ತು. ಜೊತೆಗಿದ್ದ ಬಣ್ಣದ ಮುಖಗಳಿಗೆ ಆಗಿರಲಿಲ್ಲ.

ಹಳೇರೀಲು

@ಕಾಡುಮಲ್ಲಿಗೆ ಅಪವಾದ ಅಲ್ಲ ಮೇಡಂ, ಪುರಾವೆ. ಆಳಿನ ಪಾತ್ರ ಕೊಟ್ಟ ಕೂಡಲೇ ಮನುಷ್ಯ ಎದ್ದು ಕೂತ, ನೋಡಿ.

ಸುಮ್ನೆಬಂದೆ

ಸರಿ, ನನ್ನ ವೀಕೆಂಡ್ ಹಾಳು ಮಾಡಿದ್ರಿ ಎಲ್ಲರೂ ಸೇರಿ. ‘ಅರ್ನೆಸ್ಟ್’ ಮೊದಲು ನೋಡ್ಲಾ, ‘ಮೇಜರ್ ಬಾರ್ಬರಾ’ ಮೊದಲು ನೋಡ್ಲಾ?

ಧಾರವಾಡದಾಂವ

‘ಅರ್ನೆಸ್ಟ್’. ಸೌತಿಕಾಯಿ ಹೆಚ್ಚಿ ಇಟಗೊಂಡು ಕೂಡ್ರಿ.

ಬರ್ಮಿಂಗ್‌ಹ್ಯಾಮ್‌ವಾಸಿ

ಕ್ಯಾಲ್‌ಥ್ರಾಪ್‌ಗೆ ಹೊಸ ಎಳೆ ತೆರೆದಿದ್ದೇನೆ, ‘ಬ್ಲ್ಯಾಕ್‌ಮೇಲ್’ ನೋಡಿದವರು ಅಲ್ಲಿ ಬನ್ನಿ. ಜೇಯ್ಸ್ ಬಗ್ಗೆ ಹಿಂದಿನಸಾಲು ಅವರೇ ಬರೆಯಬೇಕು.